ಮೇಷ್ಟ್ರಿಗೆ ತೆರೆಯುವ ಬಾಗಿಲು ಯಾವುದು?

(ವರ್ತೂರಿನಲ್ಲಿ ಗಿರಣಿ ಕೆಲಸಗಾರರೂ ಅಂಗಡಿಕಾರರೂ ಸೇರಿದ್ದ ಸಭೆಯಲ್ಲಿ ಮಾಡಿದ ಭಾಷಣದ ಪಾಠ)



ಕೂಲಿಯ ಮಾತು, ಬೋನಸ್ಸಿನ ಮಾತು, ಪಾಳಿಯ ಮಾತು ಆಡಬೇಕಾದ ಈ ಸಭೆಯಲ್ಲಿ ಶಾಲೆಯ ಮೇಷ್ಟ್ರುಗಳ ಮಾತೇಕೆ ಎಂದು ನಿಮ್ಮಲ್ಲಿ ಕೆಲವರು ಕೇಳಬಹುದು. ಕೇಳುವುದು ನ್ಯಾಯವೇ. ಉತ್ತರವನ್ನು ಮೊದಲೇ ಹೇಳಿಬಿಡುತ್ತೇನೆ.

ನಮ್ಮ ವರ್ತೂರು ಒಂದು ಕಾಲದಲ್ಲಿ ಕೆರೆಯ ನೀರಿನಿಂದ ಬದುಕಿದ ಊರು. ೨೦೦೭ರಲ್ಲಿ ಬೆಂಗಳೂರು ಮಹಾನಗರ ಪಾಲಿಕೆಯ ಎಲ್ಲೆ ಹಿಗ್ಗಿದಾಗ ನಾವೂ ನಗರದವರಾದೆವು. ಗುಂಜೂರು, ಬಳಗೆರೆ, ಪಣತ್ತೂರು, ವೈಟ್‌ಫೀಲ್ಡ್ ದಾರಿಯುದ್ದಕ್ಕೂ ರಾಗಿ ಹೊಲವಿದ್ದಲ್ಲಿ ಈಗ ಮಹಡಿ ಮನೆಗಳು ಎದ್ದಿವೆ. ಅವುಗಳ ಪಕ್ಕದಲ್ಲಿ ಖಾಸಗಿ ಶಾಲೆಗಳು ಎದ್ದಿವೆ. ಆ ಶಾಲೆಗಳಲ್ಲಿ ಪಾಠ ಹೇಳುವವರು ಯಾರು? ಗಿರಣಿಯಲ್ಲಿ ದುಡಿದ ಅಪ್ಪನ ಮಗಳು, ದಿನಸಿ ಅಂಗಡಿಯವನ ಸೊಸೆ, ಗಾರ್ಮೆಂಟ್ಸಿಗೆ ಹೋಗುವ ಅಕ್ಕನ ತಂಗಿ. ನಾವು ಹೊಟ್ಟೆ ಬಟ್ಟೆ ಕಟ್ಟಿ ಮಗಳನ್ನು ಬಿ.ಎಡ್. ಓದಿಸುತ್ತೇವೆ. ನಮ್ಮ ಹಾಗೆ ಯಂತ್ರದ ಮುಂದೆ ನಿಲ್ಲುವುದು ಬೇಡ, ಮರ್ಯಾದೆಯ ಕೆಲಸ ಸಿಗಲಿ ಎಂಬುದು ಆಸೆ. ಮರ್ಯಾದೆ ಸಿಗುತ್ತದೆ. ಆದರೆ ಕೆಲಸ ಹೋದ ದಿನ ಆ ಮಗಳಿಗಿರುವ ರಕ್ಷಣೆ ಅಪ್ಪನಿಗಿದ್ದ ರಕ್ಷಣೆಗಿಂತ ಕಡಿಮೆ. ಇದು ನಮ್ಮ ಮನೆಯೊಳಗಿನ ವಿಷಯ, ಅದಕ್ಕಾಗಿ ಈ ಸಭೆಯ ವಿಷಯ.

ನಾನು ವಕೀಲನಲ್ಲ. ಮೆಟ್ರಿಕ್ ಪಾಸು ಮಾಡಿ ಮಕ್ಕಳಿಗೆ ಅಕ್ಷರ, ಮಗ್ಗಿ ಹೇಳಿಕೊಟ್ಟು, ಆಮೇಲೆ ಸಂಘಟನೆಗೆ ಬಂದವನು. ಕರಿಹಲಗೆಯ ಮೇಲೆ ಬರೆದಂತೆ ಒಂದೊಂದಾಗಿ ಹೇಳುತ್ತೇನೆ. ಶಾಲೆಯಲ್ಲಿ ಕೆಲಸ ಹೋದವರ ಮುಂದೆ ಕೋರ್ಟುಗಳ ಹಲವು ಬಾಗಿಲುಗಳಿವೆ. ಹೆಚ್ಚಿನವು ಮುಚ್ಚಿವೆ. ತೆರೆದಿರುವುದು ಒಂದು, ಅದೂ ಬೇಗ ಮುಚ್ಚುವ ಬಾಗಿಲು. ಯಾವುದು ಮುಚ್ಚಿದೆ, ಯಾಕೆ ಮುಚ್ಚಿದೆ, ತೆರೆದದ್ದು ಎಲ್ಲಿದೆ ಎಂಬುದಿಷ್ಟೇ ಇಂದಿನ ಪಾಠ.

ಗಿರಣಿಯವನ ಬಾಗಿಲು

ಮೊದಲು ನಿಮ್ಮ ಬಾಗಿಲನ್ನೇ ನೋಡೋಣ. ೧೯೪೭ರ ಕೈಗಾರಿಕಾ ವಿವಾದಗಳ ಕಾಯಿದೆ ಕಾರ್ಮಿಕರಿಗೆ ಒಂದು ದೊಡ್ಡ ಹಕ್ಕನ್ನು ಕೊಟ್ಟಿತು. ಅಲ್ಲಿಯವರೆಗೆ ಮಾಲಿಕನು ಕೆಲಸಗಾರನನ್ನು ಹೊರಹಾಕಿದರೆ, ಹೆಚ್ಚೆಂದರೆ ನಷ್ಟದ ಹಣ ಕೇಳಬಹುದಿತ್ತು. ಈ ಕಾಯಿದೆ ಬಂದ ಮೇಲೆ, ವಜಾ ಮಾಡಿದ್ದು ಅನ್ಯಾಯವೆಂದು ಕಂಡರೆ ಆಳನ್ನು ಅದೇ ಯಂತ್ರದ ಮುಂದೆ ಮತ್ತೆ ನಿಲ್ಲಿಸು, ಕಳೆದ ದಿನಗಳ ಸಂಬಳವನ್ನೂ ಕೊಡು ಎಂದು ಲೇಬರ್ ಕೋರ್ಟು ಮಾಲಿಕನಿಗೆ ಆಜ್ಞೆ ಮಾಡಬಹುದಾಯಿತು. ಒಂದು ವರ್ಷ ಸತತವಾಗಿ ದುಡಿದವನನ್ನು ಹೆಚ್ಚುವರಿ ಎಂದು ತೆಗೆಯಬೇಕಾದರೆ ತಿಂಗಳ ನೋಟೀಸು, ದುಡಿದ ವರ್ಷಕ್ಕೆ ೧೫ ದಿನದ ಸಂಬಳ ಕೊಡಬೇಕಾಯಿತು. ಇವೆಲ್ಲ ಯಾರೋ ದಾನವಾಗಿ ಕೊಟ್ಟದ್ದಲ್ಲ. ಮುಷ್ಕರ, ಲಾಠಿ, ಜೈಲು, ಹಸಿವು ಇವುಗಳ ಬೆಲೆ ತೆತ್ತು ಪಡೆದದ್ದು.

೨೦೨೫ರ ನವೆಂಬರ್ ೨೧ರಿಂದ ಆ ಹಳೆಯ ಕಾಯಿದೆಯ ಜಾಗದಲ್ಲಿ ೨೦೨೦ರ ಕೈಗಾರಿಕಾ ಸಂಬಂಧಗಳ ಸಂಹಿತೆ ಬಂದಿದೆ. ಅದರಲ್ಲಿ ನಮಗೆ ಒಪ್ಪಿಗೆಯಿಲ್ಲದ್ದು ಬಹಳ ಇದೆ. ಆ ಮಾತು ಇನ್ನೊಂದು ದಿನಕ್ಕಿರಲಿ. ಇವತ್ತಿಗೆ ಬೇಕಾದದ್ದು ಒಂದೇ ಪ್ರಶ್ನೆ: ಈ ಬಾಗಿಲಲ್ಲಿ ಮೇಷ್ಟ್ರು ಒಳಗೆ ಹೋಗಬಹುದೇ?

ಡ್ರೈವರನಿಂದ ಮೇಷ್ಟ್ರವರೆಗೆ

ಈ ಪ್ರಶ್ನೆಗೆ ಮೂರು ತೀರ್ಪುಗಳ ಇತಿಹಾಸವಿದೆ. ಮೊದಲನೆಯದು ದಿಲ್ಲಿಯದು. ಅಲ್ಲಿನ ವಿಶ್ವವಿದ್ಯಾನಿಲಯವು ವಿದ್ಯಾರ್ಥಿನಿಯರಿಗಾಗಿ ಬಸ್ಸುಗಳನ್ನು ಓಡಿಸುತ್ತಿತ್ತು. ನಷ್ಟವೆಂದು ಬಸ್ಸು ನಿಲ್ಲಿಸಿ ಚಾಲಕರನ್ನು ಮನೆಗೆ ಕಳಿಸಿತು. ಚಾಲಕರು ಪರಿಹಾರ ಕೇಳಿದರು. ೧೯೬೩ರಲ್ಲಿ ಸುಪ್ರೀಂ ಕೋರ್ಟು ಹೇಳಿದ್ದೇನೆಂದರೆ: ವಿದ್ಯಾಸಂಸ್ಥೆಯ ಮುಖ್ಯ ಕೆಲಸ ಪಾಠ, ಪಾಠ ಹೇಳುವವರು ಕಾಯಿದೆಯ ಅರ್ಥದಲ್ಲಿ ಕಾರ್ಮಿಕರಲ್ಲ, ಆದುದರಿಂದ ವಿದ್ಯಾಸಂಸ್ಥೆ ಕೈಗಾರಿಕೆಯಲ್ಲ, ಕೈಗಾರಿಕೆಯಲ್ಲದ ಮೇಲೆ ಚಾಲಕನಿಗೂ ಈ ಕಾಯಿದೆ ಇಲ್ಲ. ಮೇಷ್ಟ್ರು ಕಾರ್ಮಿಕನಲ್ಲ ಎಂಬ ಕಾರಣಕ್ಕೆ ಡ್ರೈವರನೂ ಬಾಗಿಲ ಹೊರಗೆ ಉಳಿದ.

ಎರಡನೆಯದು ನಮ್ಮ ಬೆಂಗಳೂರಿನದು. ನೀರು ಸರಬರಾಜು ಮಂಡಳಿಯ ನೌಕರರಿಗೆ ಹಾಕಿದ ದಂಡದ ವಿಷಯದಲ್ಲಿ ಎದ್ದ ಮೊಕದ್ದಮೆ ಸುಪ್ರೀಂ ಕೋರ್ಟಿನ ಏಳು ನ್ಯಾಯಾಧೀಶರ ಪೀಠದವರೆಗೆ ಹೋಯಿತು. ೧೯೭೮ರ ಫೆಬ್ರವರಿಯಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಬರೆದ ತೀರ್ಪು ಕೈಗಾರಿಕೆಯ ಅರ್ಥವನ್ನು ಅಗಲ ಮಾಡಿತು. ವ್ಯವಸ್ಥಿತವಾಗಿ ಕೆಲಸ ನಡೆಯುತ್ತಿದ್ದರೆ, ಕೆಲಸ ಕೊಟ್ಟವರೂ ಮಾಡುವವರೂ ಸೇರಿ ಜನರಿಗೆ ಬೇಕಾದ ವಸ್ತು ಅಥವಾ ಸೇವೆಯನ್ನು ಒದಗಿಸುತ್ತಿದ್ದರೆ, ಲಾಭದ ಉದ್ದೇಶ ಇಲ್ಲದಿದ್ದರೂ ಅದು ಕೈಗಾರಿಕೆ ಎಂದಿತು. ಆಸ್ಪತ್ರೆ, ಶಾಲೆ, ವಿಶ್ವವಿದ್ಯಾನಿಲಯ ಎಲ್ಲವೂ ಅದರೊಳಗೆ ಬಂದವು. ದಿಲ್ಲಿಯ ತೀರ್ಪು ಬಿದ್ದುಹೋಯಿತು. ಶಾಲೆಯ ಡ್ರೈವರ್, ಜವಾನ, ಆಯಾ, ಗುಮಾಸ್ತರಿಗೆ ಬಾಗಿಲು ತೆರೆಯಿತು.

ಹಾಗಾದರೆ ಮೇಷ್ಟ್ರಿಗೂ ತೆರೆಯಿತೇ? ಮೂರನೆಯ ತೀರ್ಪು ಇದಕ್ಕೆ ಉತ್ತರ. ಗೋವಾದ ಖಾಸಗಿ ಶಾಲೆಯೊಂದರ ಉಪಾಧ್ಯಾಯಿನಿಯನ್ನು ೧೯೭೫ರಲ್ಲಿ ಕೆಲಸದಿಂದ ತೆಗೆದರು. ಆಕೆಯ ಮೊಕದ್ದಮೆ ಸುಪ್ರೀಂ ಕೋರ್ಟಿನಲ್ಲಿ ತೀರ್ಮಾನವಾದದ್ದು ೧೯೮೮ರಲ್ಲಿ, ಹದಿಮೂರು ವರ್ಷದ ಮೇಲೆ. ತೀರ್ಪು ಬರೆದವರು ನಮ್ಮ ಕನ್ನಡ ನಾಡಿನವರೇ ಆದ ನ್ಯಾಯಮೂರ್ತಿ ಇ. ಎಸ್. ವೆಂಕಟರಾಮಯ್ಯನವರು, ಮರುವರ್ಷ ಭಾರತದ ಮುಖ್ಯ ನ್ಯಾಯಮೂರ್ತಿಗಳಾದವರು. ಶಾಲೆ ಕೈಗಾರಿಕೆ ಹೌದು, ಆದರೆ ಉಪಾಧ್ಯಾಯಿನಿ ಕಾರ್ಮಿಕಳಲ್ಲ ಎಂಬುದು ತೀರ್ಪು. ಕಾಯಿದೆಯಲ್ಲಿ ಕಾರ್ಮಿಕನೆಂದರೆ ಯಾರೆಂಬುದಕ್ಕೆ ಒಂದು ಪಟ್ಟಿಯಿದೆ: ಮೈಗೆಲಸ, ಕುಶಲ ಕೆಲಸ, ಅಕುಶಲ ಕೆಲಸ, ತಾಂತ್ರಿಕ ಕೆಲಸ, ಯಂತ್ರ ನಡೆಸುವಂಥ ಕೆಲಸ, ಗುಮಾಸ್ತಿಕೆ, ಮೇಲ್ವಿಚಾರಣೆ. ಪಾಠ ಹೇಳುವುದು ಈ ಯಾವ ಖಾನೆಗೂ ಸೇರುವುದಿಲ್ಲ. ಅದು ಉದಾತ್ತವಾದ ವೃತ್ತಿ, ಒಂದು ಧ್ಯೇಯ ಎಂದು ನ್ಯಾಯಾಲಯ ಹೇಳಿತು.

ಮಿತ್ರರೇ, ನ್ಯಾಯಮೂರ್ತಿಗಳ ಮೇಲೆ ನನ್ನ ಆಕ್ಷೇಪವಿಲ್ಲ. ಅವರ ಮುಂದಿದ್ದ ಪಟ್ಟಿಯಲ್ಲಿ ಪಾಠವಿರಲಿಲ್ಲ. ಆದರೆ ಫಲವನ್ನು ನೋಡಿ. ಹೊಗಳಿ ಹೊನ್ನಶೂಲಕ್ಕೇರಿಸುವುದು ಎಂದು ನಮ್ಮಲ್ಲಿ ಮಾತಿದೆ. ಮೇಷ್ಟ್ರ ಕೆಲಸ ಬಹಳ ದೊಡ್ಡದು, ಆದುದರಿಂದ ಅವರಿಗೆ ಸಣ್ಣ ರಕ್ಷಣೆಯೂ ಇಲ್ಲ. ಒಂದೇ ಶಾಲೆಯಿಂದ ಒಂದೇ ದಿನ ಬಸ್ಸಿನ ಡ್ರೈವರನನ್ನೂ ಆ ಬಸ್ಸಿನಲ್ಲಿ ಬರುವ ಮಕ್ಕಳಿಗೆ ಪಾಠ ಹೇಳುವ ಮಿಸ್ಸನ್ನೂ ತೆಗೆದುಹಾಕಿದರೆ, ಡ್ರೈವರನು ಲೇಬರ್ ಕೋರ್ಟಿನ ದಾರಿ ಹಿಡಿಯಬಹುದಿತ್ತು, ಮಿಸ್ಸು ಹಿಡಿಯುವಂತಿರಲಿಲ್ಲ.

ಹೊಸ ಸಂಹಿತೆಯು ಇದನ್ನು ಸರಿಪಡಿಸಿತೇ? ಇಲ್ಲ. ಅದೇ ಪಟ್ಟಿಯನ್ನು ಉಳಿಸಿಕೊಂಡಿದೆ. ಅದರ ಮೇಲೆ ಇನ್ನೊಂದು ಗಂಟನ್ನೂ ಹಾಕಿದೆ: ಪೂರ್ಣವಾಗಿ ಅಥವಾ ಬಹುಮಟ್ಟಿಗೆ ದಾನಧರ್ಮ, ಸಮಾಜಸೇವೆ, ಪರೋಪಕಾರದಲ್ಲಿ ತೊಡಗಿದ ಸಂಘಟನೆಗಳು ನಡೆಸುವ ಸಂಸ್ಥೆ ಕೈಗಾರಿಕೆಯಲ್ಲ ಎಂದಿದೆ. ನಮ್ಮ ಸುತ್ತಿನ ಶಾಲೆಗಳ ಬೋರ್ಡುಗಳನ್ನು ಓದಿ ನೋಡಿ. ಟ್ರಸ್ಟು, ಸೊಸೈಟಿ ಎಂಬ ಹೆಸರಿಲ್ಲದ ಶಾಲೆ ಎಷ್ಟಿವೆ? ಲಕ್ಷಗಟ್ಟಲೆ ಫೀಸು ವಸೂಲಿ ಮಾಡುವವರೂ ನಾಳೆ, ನಮ್ಮದು ಧರ್ಮಸಂಸ್ಥೆ ಎಂದು ಕೋರ್ಟಿನಲ್ಲಿ ವಾದ ಹೂಡಬಹುದು. ಆಗ ೧೯೭೮ರಲ್ಲಿ ಒಳಗೆ ಬಂದ ಡ್ರೈವರನೂ ಆಯಾಳೂ ಮತ್ತೆ ಹೊರಗೆ ನಿಲ್ಲಬೇಕಾಗಬಹುದು. ಇದು ಮೇಷ್ಟ್ರುಗಳ ವಿಷಯ ಮಾತ್ರವೆಂದು ತಿಳಿದವರು ಇಲ್ಲಿ ಎಚ್ಚರವಾಗಬೇಕು.

ಸಿವಿಲ್ ಕೋರ್ಟು

ಲೇಬರ್ ಕೋರ್ಟು ಇಲ್ಲದಿದ್ದರೆ ಸಿವಿಲ್ ಕೋರ್ಟಿದೆಯಲ್ಲ ಎನ್ನುತ್ತೀರಿ. ಅಂಗಡಿಕಾರರಿಗೆ ಆ ಕೋರ್ಟು ಗೊತ್ತು. ಬಾಕಿ ವಸೂಲಿಗೆ, ಮಳಿಗೆಯ ತಕರಾರಿಗೆ ಹೋಗಿ ಬಂದಿರುತ್ತೀರಿ. ನೀವು ಒಂದು ಸೈಟು ಕೊಳ್ಳಲು ಕರಾರು ಮಾಡಿಕೊಂಡು, ಮಾರುವವನು ತಪ್ಪಿದರೆ, ಕರಾರಿನಂತೆ ಸೈಟನ್ನು ಬರೆದುಕೊಡು ಎಂದು ಕೋರ್ಟು ಅವನಿಗೆ ಹೇಳಬಹುದು. ಆದರೆ ಒಬ್ಬ ಮನುಷ್ಯನು ಇನ್ನೊಬ್ಬನ ಬಳಿ ಕೆಲಸ ಮಾಡುವ ಕರಾರನ್ನು ಕೋರ್ಟು ಹೀಗೆ ಬಲವಂತದಿಂದ ನಡೆಸುವುದಿಲ್ಲ. ಬೇಡವಾದ ಆಳನ್ನು ಧಣಿಯ ಮೇಲೆ ಹೇರಬಾರದು ಎಂಬುದು ಇಂಗ್ಲಿಷರ ಕಾಲದಿಂದ ಬಂದ ನೀತಿ. ನಷ್ಟದ ಹಣ ಕೊಡಿಸಬಹುದು, ಕುರ್ಚಿ ಕೊಡಿಸಲಾಗದು.

೧೯೭೬ರಲ್ಲಿ ಉತ್ತರ ಪ್ರದೇಶದ ಒಂದು ಕಾಲೇಜಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಈ ನೀತಿಗೆ ಮೂರೇ ವಿನಾಯಿತಿಗಳನ್ನು ಹೇಳಿತು. ಒಂದು, ಸಂವಿಧಾನದ ೩೧೧ನೇ ವಿಧಿಯ ರಕ್ಷಣೆಯಿರುವ ಸರ್ಕಾರಿ ನೌಕರ. ಎರಡು, ಕೈಗಾರಿಕಾ ಕಾಯಿದೆಯ ಕಾರ್ಮಿಕ. ಮೂರು, ಕಾನೂನಿನಿಂದಲೇ ಹುಟ್ಟಿದ ಸಂಸ್ಥೆ ಆ ಕಾನೂನನ್ನೇ ಮುರಿದಾಗ ಅದರ ನೌಕರ. ಖಾಸಗಿ ಶಾಲೆಯ ಮೇಷ್ಟ್ರು ಸರ್ಕಾರಿ ನೌಕರನಲ್ಲ. ಕಾರ್ಮಿಕನಲ್ಲವೆಂದು ಆಮೇಲೆ ತೀರ್ಪಾಯಿತು. ಟ್ರಸ್ಟು ಅಥವಾ ಸೊಸೈಟಿ ಕಾನೂನಿನ ಪ್ರಕಾರ ನೋಂದಾಯಿತವಾದದ್ದೇ ಹೊರತು ಕಾನೂನಿನಿಂದ ಹುಟ್ಟಿದ್ದಲ್ಲ. ಮೂರು ಕಿಂಡಿಗಳಲ್ಲಿ ಒಂದರಲ್ಲೂ ಆತ ನುಸುಳಲಾರ.

ಹೈಕೋರ್ಟಿನ ರಿಟ್

ಇನ್ನು ಹೈಕೋರ್ಟು. ರಿಟ್ ಹಾಕಿಬಿಡಿ ಎಂಬ ಸಲಹೆ ಬೇಗ ಬರುತ್ತದೆ. ಸಂವಿಧಾನದ ೨೨೬ನೇ ವಿಧಿಯ ಮೇರೆಗೆ ಹೈಕೋರ್ಟು ಯಾವ ವ್ಯಕ್ತಿಗಾದರೂ, ಅಧಿಕಾರಸ್ಥಾನಕ್ಕಾದರೂ ಆಜ್ಞೆ ಕೊಡಬಹುದು. ಸರ್ಕಾರಿ ಶಾಲೆಯ ಮಾತು ಬೇರೆ. ಅಲ್ಲಿ ಎದುರಾಳಿ ಸರ್ಕಾರವೇ. ಅನುದಾನಿತ ಸಂಸ್ಥೆಯ ಮಾತೂ ಸ್ವಲ್ಪ ಬೇರೆ. ೧೯೮೯ರಲ್ಲಿ ಅಹಮದಾಬಾದಿನ ಕಾಲೇಜೊಂದರ ಅಧ್ಯಾಪಕರ ಮೊಕದ್ದಮೆಯಲ್ಲಿ, ಸರ್ಕಾರದ ಅನುದಾನ ಪಡೆದು ಸಾರ್ವಜನಿಕ ಕರ್ತವ್ಯ ಮಾಡುವ ಟ್ರಸ್ಟಿಗೆ ಹೈಕೋರ್ಟು ಆಜ್ಞೆ ಕೊಡಬಹುದೆಂದು ಸುಪ್ರೀಂ ಕೋರ್ಟು ಹೇಳಿತು. ಈ ತೀರ್ಪಿನ ಬಲದ ಮೇಲೆ ಖಾಸಗಿ ಶಾಲೆಗಳ ಅನೇಕರು ರಿಟ್ ಹಾಕಿದರು. ಕೆಲವರು ಗೆದ್ದದ್ದೂ ಉಂಟು.

ಆದರೆ ೨೦೨೨ರ ಆಗಸ್ಟಿನಲ್ಲಿ ಬಾಗಿಲು ಬಹಳಮಟ್ಟಿಗೆ ಮುಚ್ಚಿತು. ಮಧ್ಯಪ್ರದೇಶದ, ಅನುದಾನವಿಲ್ಲದ ಖಾಸಗಿ ಶಾಲೆಯೊಂದರ ಕಚೇರಿ ನೌಕರನನ್ನು ವಜಾ ಮಾಡಿದ ಪ್ರಕರಣ ಅದು. ಶಾಲೆಯು ಮಕ್ಕಳಿಗೆ ವಿದ್ಯೆ ಕೊಡುವುದು ಸಾರ್ವಜನಿಕ ಕೆಲಸವಿರಬಹುದು. ಆದರೆ ತನ್ನ ನೌಕರನೊಡನೆ ಅದು ಮಾಡಿಕೊಂಡ ಕರಾರು ಖಾಸಗಿ ವ್ಯವಹಾರ. ಆ ನೌಕರಿಯ ಷರತ್ತುಗಳನ್ನು ಶಾಸನವೇ ಕಟ್ಟಿಕೊಟ್ಟಿಲ್ಲದಿದ್ದರೆ ರಿಟ್ ನಡೆಯುವುದಿಲ್ಲ ಎಂದು ಸುಪ್ರೀಂ ಕೋರ್ಟು ತೀರ್ಮಾನಿಸಿತು. ಸಿಬಿಎಸ್‌ಇ ಮಂಡಳಿಯ ನಿಯಮಾವಳಿಗೆ ಶಾಸನದ ಬಲವಿಲ್ಲವೆಂದೂ ಹೇಳಿತು. ೨೦೨೪ರ ಜುಲೈಯಲ್ಲಿ ಸೇನಾ ಕಲ್ಯಾಣ ಶಿಕ್ಷಣ ಸೊಸೈಟಿಯ ಶಾಲೆಯ ಉಪಾಧ್ಯಾಯರ ಪ್ರಕರಣದಲ್ಲೂ ಅದೇ ದಾರಿ ಹಿಡಿಯಿತು. ಇದರ ತಿರುಳನ್ನು ನಮ್ಮ ಮಾತಿನಲ್ಲಿ ಹೇಳುವುದಾದರೆ: ಶಾಲೆ ಊರಿನದು, ಸಂಬಳ ಧಣಿಯದು.

ಸರ್ಕಾರಿ ಮೇಷ್ಟ್ರೂ ಅತಿಥಿ ಮೇಷ್ಟ್ರೂ

ಸರ್ಕಾರಿ ಶಾಲೆಯ ಖಾಯಂ ಉಪಾಧ್ಯಾಯರಿಗೆ ಬೇರೆ ಬಾಗಿಲಿದೆ. ೧೯೮೬ರಿಂದ ಅವರ ತಕರಾರುಗಳನ್ನು ಕೇಳಲು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ ಇದೆ. ಆದರೆ ಅದೇ ಶಾಲೆಯಲ್ಲಿ, ಅದೇ ತರಗತಿಗೆ, ಅದೇ ಪಾಠ ಹೇಳುವ ಅತಿಥಿ ಶಿಕ್ಷಕರ ಗತಿಯೇನು? ನಮ್ಮ ರಾಜ್ಯದಿಂದಲೇ ಹೋದ, ಉಮಾದೇವಿ ಮೊಕದ್ದಮೆಯೆಂದು ಹೆಸರಾದ ಪ್ರಕರಣದಲ್ಲಿ ೨೦೦೬ರ ಏಪ್ರಿಲ್ ೧೦ರಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿತು: ಕ್ರಮವಾದ ನೇಮಕಾತಿಯಿಲ್ಲದೆ ತಾತ್ಕಾಲಿಕವಾಗಿ ಬಂದವರು, ಎಷ್ಟೋ ವರ್ಷ ದುಡಿದೆವೆಂಬ ಕಾರಣಕ್ಕೆ ಖಾಯಂ ಆಗುವ ಹಕ್ಕನ್ನು ಕೇಳುವಂತಿಲ್ಲ. ಹತ್ತು ವರ್ಷ ದುಡಿದ ಕೆಲವರಿಗಾಗಿ ಒಂದು ಸಲದ ವಿನಾಯಿತಿಯನ್ನು ಮಾತ್ರ ಇಟ್ಟಿತು. ಹಿಂಬಾಗಿಲ ನೇಮಕ ಆಗಬಾರದೆಂಬುದು ಒಳ್ಳೆಯ ಮಾತೇ. ಆದರೆ ಮುಂಬಾಗಿಲನ್ನು ವರ್ಷಗಟ್ಟಲೆ ಮುಚ್ಚಿಟ್ಟು, ಹಿಂಬಾಗಿಲಿನಿಂದ ಕರೆದು ದುಡಿಸಿಕೊಂಡು, ಕೊನೆಗೆ ನೀನು ಹಿಂಬಾಗಿಲಿನಿಂದ ಬಂದವನು ಎಂದು ಆಕ್ಷೇಪಿಸುವವರು ಯಾರು? ಅದೇ ಸರ್ಕಾರ.

ತೆರೆದಿರುವ ಒಂದು ಬಾಗಿಲು

ಇಷ್ಟೆಲ್ಲ ಕೇಳಿ ನಿರಾಶರಾಗಬೇಡಿ. ನಮ್ಮ ರಾಜ್ಯವು ಒಂದು ಒಳ್ಳೆಯ ಕೆಲಸ ಮಾಡಿದೆ. ೧೯೭೫ರಲ್ಲಿ ಖಾಸಗಿ ವಿದ್ಯಾಸಂಸ್ಥೆಗಳ ಶಿಸ್ತು ಮತ್ತು ನಿಯಂತ್ರಣಕ್ಕೆ ಒಂದು ಕಾಯಿದೆ ಮಾಡಿತು. ಆಮೇಲೆ ೧೯೮೩ರ ಕರ್ನಾಟಕ ಶಿಕ್ಷಣ ಕಾಯಿದೆ ಬಂತು. ಹೆಸರಿಗೆ ೧೯೮೩ರದು, ಜಾರಿಗೆ ಬಂದದ್ದು ೧೯೯೫ರಲ್ಲಿ. ಅದರ ೯೨ನೇ ಸೆಕ್ಷನ್ನು ಹೇಳುವುದಿಷ್ಟು: ಆರೋಪವೇನೆಂದು ತಿಳಿಸದೆ, ಸಮರ್ಥನೆಗೆ ತಕ್ಕ ಅವಕಾಶ ಕೊಡದೆ, ವಿಚಾರಣೆ ನಡೆಸದೆ ಖಾಸಗಿ ಶಾಲೆಯ ನೌಕರನನ್ನು ವಜಾ ಮಾಡಕೂಡದು, ತೆಗೆದುಹಾಕಕೂಡದು, ದರ್ಜೆ ಇಳಿಸಕೂಡದು. ೯೪ನೇ ಸೆಕ್ಷನ್ನು ಅಪೀಲಿನ ಹಕ್ಕನ್ನು ಕೊಡುತ್ತದೆ. ೯೬ನೇ ಸೆಕ್ಷನ್ನಿನಂತೆ ಆ ಅಪೀಲನ್ನು ಕೇಳುವುದು ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿ. ಕೂರುವವರು ಜಿಲ್ಲಾ ನ್ಯಾಯಾಧೀಶರು. ಇದು ಮೇಷ್ಟ್ರಿಗೂ ಉಂಟು, ಇತರ ನೌಕರರಿಗೂ ಉಂಟು.

ಸುಪ್ರೀಂ ಕೋರ್ಟೂ ಈ ಬಾಗಿಲನ್ನು ಮೆಚ್ಚಿದೆ. ಮಣಿಪಾಲದ ಟಿ. ಎಂ. ಎ. ಪೈ ಪ್ರತಿಷ್ಠಾನವು ಕರ್ನಾಟಕ ರಾಜ್ಯದ ಮೇಲೆ ಹೂಡಿದ ಮೊಕದ್ದಮೆಯಲ್ಲಿ ೨೦೦೨ರ ಅಕ್ಟೋಬರ್ ೩೧ರಂದು ಹನ್ನೊಂದು ನ್ಯಾಯಾಧೀಶರ ಪೀಠ ತೀರ್ಪು ಕೊಟ್ಟಿತು. ಅದು ಹೆಚ್ಚಾಗಿ ಆಡಳಿತವರ್ಗಗಳ ಸ್ವಾತಂತ್ರ್ಯದ ತೀರ್ಪು. ಶಿಸ್ತುಕ್ರಮಕ್ಕೆ ಮುಂಚೆ ಸರ್ಕಾರದ ಅನುಮತಿ ಬೇಕಿಲ್ಲ ಎಂದೂ ಹೇಳಿತು. ಆದರೆ ಅದರೊಳಗೇ, ನೌಕರರು ನ್ಯಾಯಕ್ಕಾಗಿ ಅಲೆಯಬಾರದು, ಅವರಿಗಾಗಿ ಜಿಲ್ಲಾ ನ್ಯಾಯಾಧೀಶರ ದರ್ಜೆಯ ನ್ಯಾಯಮಂಡಳಿ ಇರಬೇಕು ಎಂದಿತು.

ಈ ಬಾಗಿಲಿನ ಅಳತೆಯನ್ನೂ ತಿಳಿದುಕೊಳ್ಳಿ. ಮೊದಲನೆಯದು ಕಾಲ. ಆಜ್ಞೆ ಕೈಗೆ ತಲುಪಿದ ದಿನದಿಂದ ಮೂರು ತಿಂಗಳೊಳಗೆ ಅಪೀಲು ಹೋಗಬೇಕು. ಸರಿಯಾದ ಕಾರಣ ತೋರಿಸಿದರೆ ತಡವನ್ನು ಮನ್ನಿಸುವ ಅವಕಾಶವಿದೆ. ಅದನ್ನು ನಂಬಿ ಕೂರುವಂತಿಲ್ಲ. ೧೯೪೭ರ ಕಾಯಿದೆಯಲ್ಲಿ ವಜಾ ಆದ ಕಾರ್ಮಿಕನು ಲೇಬರ್ ಕೋರ್ಟಿಗೆ ನೇರವಾಗಿ ಹೋಗಲು ಮೂರು ವರ್ಷದ ಅವಧಿಯಿತ್ತು. ಹೊಸ ಸಂಹಿತೆ ಅದನ್ನು ಎರಡಕ್ಕಿಳಿಸಿತು ಎಂದು ನಾವು ಕೂಗಾಡಿದೆವು. ಮೇಷ್ಟ್ರಿಗಿರುವುದು ಮೂರು ತಿಂಗಳು.

ಆ ಮೂರು ತಿಂಗಳು ಹೇಗೆ ಕಳೆಯುತ್ತದೆ? ಒಬ್ಬ ಟೀಚರಮ್ಮ ಎಂದಿಟ್ಟುಕೊಳ್ಳಿ. ಏಪ್ರಿಲ್‌ನಲ್ಲಿ ಕೆಲಸ ಹೋಯಿತು. ಮೊದಲ ತಿಂಗಳು ಕಾರ್ಯದರ್ಶಿಯ ಮನೆಗೆ, ಊರಿನ ಹಿರಿಯರ ಮನೆಗೆ ಓಡಾಟ. ಎರಡನೆಯ ತಿಂಗಳು ಕ್ಷೇತ್ರ ಶಿಕ್ಷಣಾಧಿಕಾರಿಗಳ ಕಚೇರಿಗೆ ಅರ್ಜಿ. ಮೂರನೆಯ ತಿಂಗಳು ಯಾರೋ ಹೇಳಿದರೆಂದು ಲೇಬರ್ ಇಲಾಖೆಗೆ. ಅಲ್ಲಿ, ನೀವು ಕಾರ್ಮಿಕರಲ್ಲ ಎಂಬ ಉತ್ತರ. ಆಮೇಲೆ ಒಡವೆ ಅಡವಿಟ್ಟು ಹೈಕೋರ್ಟಿಗೆ. ಅಲ್ಲಿ, ನಿಮಗೆ ಬೇರೆ ಬಾಗಿಲಿದೆ, ಇಲ್ಲಿಗೆ ಬರುವಂತಿಲ್ಲ ಎಂಬ ಉತ್ತರ. ಸರಿಯಾದ ಬಾಗಿಲಿಗೆ ಬರುವ ಹೊತ್ತಿಗೆ, ತಡವೇಕಾಯಿತು ಎಂಬ ಪ್ರಶ್ನೆಯೇ ಮೊದಲ ಪ್ರಶ್ನೆ. ಆಕೆಗೆ ನ್ಯಾಯ ತಪ್ಪಿದ್ದು ಆಕೆಯ ಪಕ್ಷದಲ್ಲಿ ನ್ಯಾಯವಿಲ್ಲದೆ ಅಲ್ಲ, ದಾರಿ ಹೇಳುವವರಿಲ್ಲದೆ.

ಎರಡನೆಯದು ಮಾತಿನ ಅಳತೆ. ವಜಾ, ತೆಗೆದುಹಾಕುವುದು, ದರ್ಜೆ ಇಳಿಸುವುದು: ಅಪೀಲಿನ ಸೆಕ್ಷನ್ನಿನಲ್ಲಿ ಈ ಮೂರೇ ಮಾತು. ಸಂಬಳ ಬಾಕಿ, ಇನ್‌ಕ್ರಿಮೆಂಟು ತಡೆ, ದಿನವಿಡೀ ಹೆಚ್ಚುವರಿ ಕೆಲಸ ಇವು ಆ ಮಾತಿನಲ್ಲಿಲ್ಲ. ಜಾಣ ಆಡಳಿತವರ್ಗಕ್ಕೆ ಇದು ಗೊತ್ತು. ಆದುದರಿಂದ ಜೂನ್‌ನಿಂದ ಮಾರ್ಚಿಯವರೆಗೆ ಹತ್ತು ತಿಂಗಳ ಕರಾರು ಬರೆಸಿಕೊಳ್ಳುತ್ತಾರೆ. ಅವಧಿ ಮುಗಿಯಿತು, ನಾವೇನೂ ತೆಗೆದುಹಾಕಲಿಲ್ಲ ಎನ್ನುತ್ತಾರೆ. ಕೆಲಸಕ್ಕೆ ಸೇರುವ ದಿನವೇ ತಾರೀಖಿಲ್ಲದ ರಾಜೀನಾಮೆಗೆ ಸಹಿ ಹಾಕಿಸಿಕೊಳ್ಳುವವರೂ ಇದ್ದಾರೆ. ಕಾಗದವನ್ನೇ ಕೊಡದೆ, ನಾಳೆಯಿಂದ ಬರಬೇಡಿ ಎಂದು ಬಾಯಿಮಾತಿನಲ್ಲಿ ಕಳಿಸುವವರೂ ಇದ್ದಾರೆ.

ಮೂರನೆಯದು ಶಾಲೆಯ ಜಾತಿ. ೧೯೮೩ರ ಕಾಯಿದೆಯ ಮೊದಲ ಸೆಕ್ಷನ್ನಿನಲ್ಲಿ, ಕಾಯಿದೆ ಅನ್ವಯಿಸದ ಸಂಸ್ಥೆಗಳ ಪಟ್ಟಿಯೊಳಗೆ, ಸಿಬಿಎಸ್‌ಇ ಮತ್ತು ಐಸಿಎಸ್‌ಇ ಶಾಲೆಗಳನ್ನು ಸೇರಿಸಿದ್ದಾರೆ. ವೈಟ್‌ಫೀಲ್ಡಿನಿಂದ ಸರ್ಜಾಪುರದವರೆಗೆ ಏಳುತ್ತಿರುವ ದೊಡ್ಡ ಶಾಲೆಗಳು ಬಹುತೇಕ ಇವೇ. ಇಂಥ ಶಾಲೆಯ ಉಪಾಧ್ಯಾಯಿನಿ ಅಪೀಲು ಹಾಕಿದರೆ, ಈ ನ್ಯಾಯಮಂಡಳಿಗೆ ನಮ್ಮ ಮೇಲೆ ಅಧಿಕಾರವಿಲ್ಲ ಎಂಬುದೇ ಎದುರಿನ ವಕೀಲರ ಮೊದಲ ವಾದ. ೧೯೭೫ರ ಕಾಯಿದೆಯ ಆಸರೆ ಉಂಟೆಂದು ಈಕೆಯ ವಕೀಲರು ವಾದಿಸಬೇಕು. ಅಸಲು ಅನ್ಯಾಯದ ಮಾತು ಬರುವ ಮೊದಲೇ, ಯಾವ ಬಾಗಿಲೆಂಬ ವಾದದಲ್ಲಿ ಕಾಲ ಸವೆಯುತ್ತದೆ.

ಕೋರ್ಟು ಮುಚ್ಚಿದ್ದನ್ನು ತೆರೆದವರು ಯಾರು?

ಇಲ್ಲಿ ಒಂದು ಪಾಠವನ್ನು ಮನಸ್ಸಿನಲ್ಲಿಟ್ಟುಕೊಳ್ಳಿ. ಗ್ರಾಚುಯಿಟಿಯ ಕಥೆ ಅದು. ಐದು ವರ್ಷ ದುಡಿದವನಿಗೆ, ದುಡಿದ ಪ್ರತಿ ವರ್ಷಕ್ಕೆ ೧೫ ದಿನದ ಸಂಬಳದಂತೆ ಕೊಡುವ ಇಡಿಗಂಟು ನಿಮಗೆ ಗೊತ್ತಿದೆ. ೧೯೯೭ರ ಏಪ್ರಿಲ್ ೩ರಂದು ಕೇಂದ್ರ ಸರ್ಕಾರ ಅದನ್ನು ವಿದ್ಯಾಸಂಸ್ಥೆಗಳಿಗೂ ಹಬ್ಬಿಸಿತು. ಆದರೆ ೨೦೦೪ರಲ್ಲಿ ಸುಪ್ರೀಂ ಕೋರ್ಟು, ಆ ಕಾಯಿದೆಯಲ್ಲೂ ನೌಕರನೆಂದರೆ ಕುಶಲ, ಅಕುಶಲ, ಮೈಗೆಲಸ ಎಂಬ ಪಟ್ಟಿಯಿದೆ, ಮೇಷ್ಟ್ರು ಅದರಲ್ಲಿಲ್ಲ ಎಂದಿತು. ಉಪಾಧ್ಯಾಯರು ಸುಮ್ಮನಿರಲಿಲ್ಲ. ೨೦೦೯ರಲ್ಲಿ ಪಾರ್ಲಿಮೆಂಟು ಆ ಪಟ್ಟಿಯನ್ನೇ ಕಿತ್ತುಹಾಕಿ, ಯಾವ ಬಗೆಯ ಕೆಲಸವಾದರೂ ಸರಿ ಎಂದು ಬರೆಯಿತು. ಅದೂ ೧೯೯೭ರ ಅದೇ ದಿನದಿಂದ ಅನ್ವಯಿಸುವಂತೆ. ಖಾಸಗಿ ಶಾಲೆಗಳ ಆಡಳಿತವರ್ಗಗಳು ಇದನ್ನು ಪ್ರಶ್ನಿಸಿ ಸುಪ್ರೀಂ ಕೋರ್ಟಿಗೆ ಹೋದವು. ೨೦೨೨ರ ಆಗಸ್ಟ್ ೨೯ರಂದು ಅವು ಸೋತವು.

ಇದು ಮೊದಲ ಉದಾಹರಣೆಯೂ ಅಲ್ಲ. ಊರೂರು ಸುತ್ತಿ ಔಷಧಿ ಕಂಪನಿಗಳ ಪರವಾಗಿ ವೈದ್ಯರನ್ನು ಕಾಣುವ ಪ್ರತಿನಿಧಿಗಳು ಹಿಂದೆ ಕಾರ್ಮಿಕರಲ್ಲವೆಂದೇ ತೀರ್ಪಾಗಿತ್ತು. ಅವರು ಸಂಘ ಕಟ್ಟಿದರು; ೧೯೭೬ರಲ್ಲಿ ಅವರಿಗಾಗಿ ಕಾಯಿದೆ ಬಂತು. ಪತ್ರಕರ್ತರಿಗೆ ೧೯೫೫ರಲ್ಲೇ ಬಂದಿತ್ತು. ಹೊಸ ಸಂಹಿತೆಯೂ ಈ ಇಬ್ಬರನ್ನು ಹೆಸರು ಹೇಳಿ ಕಾರ್ಮಿಕರೊಳಗೆ ಸೇರಿಸಿದೆ. ಹಾಗಾದರೆ ಅದೇ ಸಾಲಿನಲ್ಲಿ ಉಪಾಧ್ಯಾಯ ಎಂಬ ಒಂದು ಪದ ಸೇರಿಸಲು ಶಾಯಿ ಸಾಲದೇ ಹೋಯಿತೇ? ನ್ಯಾಯಾಲಯವು ಇದ್ದ ಕಾಯಿದೆಯನ್ನು ಓದುತ್ತದೆ. ಕಾಯಿದೆಯನ್ನು ಬರೆಯುವವರು ಶಾಸನಸಭೆಯವರು. ಅವರ ಕೈಯಿಂದ ಬರೆಸುವವರು ಜನ. ಕೋರ್ಟಿನ ಎಲ್ಲೆ ಮುಗಿಯುವಲ್ಲಿ ಸಂಘಟನೆಯ ಕೆಲಸ ಶುರುವಾಗುತ್ತದೆ.

ಈಗ ಮಾಡಬೇಕಾದದ್ದು

ನಿಮ್ಮ ಮನೆಯಲ್ಲಿ ಶಾಲೆಗೆ ಕೆಲಸಕ್ಕೆ ಹೋಗುವವರಿದ್ದರೆ ಇಷ್ಟನ್ನು ಹೇಳಿ. ನೇಮಕದ ಕಾಗದ, ಸಂಬಳದ ಚೀಟಿ, ಬ್ಯಾಂಕಿನ ಪಾಸ್‌ಬುಕ್ಕು, ಹಾಜರಿಯ ಗುರುತು ಇವುಗಳ ಪ್ರತಿಯನ್ನು ಮನೆಯ ಪೆಟ್ಟಿಗೆಯಲ್ಲಿಡಬೇಕು. ತಾರೀಖಿಲ್ಲದ ಯಾವ ಕಾಗದಕ್ಕೂ 
ಸಹಿ ಹಾಕಬಾರದು. ಬಾಯಿಮಾತಿನಲ್ಲಿ ಬರಬೇಡಿ ಎಂದರೆ, ಅದೇ ವಾರ, ಇಂಥ ದಿನ ಹೀಗೆ ಹೇಳಿದಿರಿ, ಕಾರಣವನ್ನು ಬರವಣಿಗೆಯಲ್ಲಿ ಕೊಡಿ ಎಂದು ಸ್ಪೀಡ್ ಪೋಸ್ಟಿನಲ್ಲಿ ಕಾಗದ ಹಾಕಿ ರಸೀದಿ ಇಟ್ಟುಕೊಳ್ಳಬೇಕು. ಶಾಲೆ ಅನುದಾನಿತವೋ ಅಲ್ಲವೋ, ರಾಜ್ಯದ ಪಠ್ಯದ್ದೋ ಸಿಬಿಎಸ್‌ಇಯೋ ಎಂಬುದನ್ನು ಮೊದಲೇ ತಿಳಿದಿರಬೇಕು. ಕೆಲಸ ಹೋದ ದಿನದಿಂದ ಮೂರು ತಿಂಗಳನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಮಾಡಿ, ಮೊದಲ ತಿಂಗಳಲ್ಲೇ ವಕೀಲರನ್ನು ಕಾಣಬೇಕು. ರಾಜಿಯ ಮಾತು ನಡೆಯುತ್ತಿದ್ದರೂ ಅಪೀಲಿನ ಕಾಲ ನಿಲ್ಲುವುದಿಲ್ಲ. ಗೆದ್ದರೆ ಕಳೆದ ಸಂಬಳವನ್ನೂ ಕೇಳಬೇಕು: ಅನ್ಯಾಯವಾಗಿ ವಜಾ ಆದವರಿಗೆ ಹಿಂಬಾಕಿ ಸಂಬಳ ಸಿಗುವುದೇ ಸಾಮಾನ್ಯ ನಿಯಮವೆಂದು ೨೦೧೩ರಲ್ಲಿ ಮಹಾರಾಷ್ಟ್ರದ ಉಪಾಧ್ಯಾಯಿನಿಯೊಬ್ಬರ ಪ್ರಕರಣದಲ್ಲೇ ಸುಪ್ರೀಂ ಕೋರ್ಟು ಹೇಳಿದೆ.

ಒಬ್ಬೊಬ್ಬರೇ ಕಾಗದ ಹಿಡಿದು ಓಡಾಡುವುದರಿಂದ ಕಾಯಿದೆ ಬದಲಾಗುವುದಿಲ್ಲ. ನಮ್ಮ ಬೇಡಿಕೆ ನಾಲ್ಕು. ಸಂಹಿತೆಯಲ್ಲಿ ಪತ್ರಕರ್ತರ ಪಕ್ಕದಲ್ಲಿ ಉಪಾಧ್ಯಾಯರ ಹೆಸರನ್ನೂ ಬರೆಯಬೇಕು. ಧರ್ಮಸಂಸ್ಥೆಯೆಂಬ ಹೆಸರಿನಲ್ಲಿ ಫೀಸಿನ ಶಾಲೆಗಳು ತಪ್ಪಿಸಿಕೊಳ್ಳದಂತೆ ಆ ವಿನಾಯಿತಿಯನ್ನು ಬಿಗಿ ಮಾಡಬೇಕು. ಕರ್ನಾಟಕದ ನೆಲದ ಮೇಲಿರುವ ಶಾಲೆ ಯಾವ ಮಂಡಳಿಯದಾದರೂ ಅದರ ನೌಕರನಿಗೆ ಶಿಕ್ಷಣ ಮೇಲ್ಮನವಿ ನ್ಯಾಯಮಂಡಳಿಯ ಬಾಗಿಲು ತೆರೆದಿರಬೇಕೆಂದು ರಾಜ್ಯದ ಕಾಯಿದೆಯಲ್ಲಿ ಸ್ಪಷ್ಟವಾಗಿ ಬರೆಯಬೇಕು. ಮೂರು ತಿಂಗಳನ್ನು ಕನಿಷ್ಠ ಒಂದು ವರ್ಷ ಮಾಡಬೇಕು, ಸಂಬಳ ಬಾಕಿಯ ದೂರನ್ನೂ ಅಲ್ಲೇ ಕೇಳಬೇಕು.

ಅಂಗಡಿಯ ಹಿರಿಯರೇ, ಇದು ನಿಮ್ಮ ವ್ಯಾಪಾರದ ಮಾತೂ ಹೌದು. ೨೦೨೦ರಲ್ಲಿ ಕೊರೋನಾ ಬಂದು ಶಾಲೆಗಳು ಮುಚ್ಚಿದಾಗ ಎಷ್ಟೋ ಮೇಷ್ಟ್ರುಗಳ ಸಂಬಳ ಅರ್ಧವಾಯಿತು, ಕೆಲವರದು ನಿಂತೇ ಹೋಯಿತು. ೨೦೨೧ರಲ್ಲಿ ರಾಜ್ಯ ಸರ್ಕಾರ ಅನುದಾನರಹಿತ ಶಾಲೆಗಳ ಶಿಕ್ಷಕರಿಗೆ ಒಂದು ಸಲಕ್ಕೆ ೫,೦೦೦ ರೂಪಾಯಿ ಘೋಷಿಸಿತು. ಆ ದಿನಗಳಲ್ಲಿ ಅವರ ಮನೆಯ ಒಲೆ ಉರಿದದ್ದು ಯಾವ ಕಾಯಿದೆಯಿಂದ? ನಿಮ್ಮ ಸಾಲದ ಪುಸ್ತಕದಿಂದ. ಕೂಲಿ ಭದ್ರವಿಲ್ಲದ ಗಿರಾಕಿಯ ಅಂಗಡಿಬಾಕಿಯೂ ಭದ್ರವಲ್ಲ.

ಗಿರಣಿಯ ಸಂಗಾತಿಗಳಿಗೆ ಒಂದು ಮಾತು. ಮೇಷ್ಟ್ರುಗಳಿಗೆ ತಾವು ಕಾರ್ಮಿಕರೆಂದು ಹೇಳಿಕೊಳ್ಳಲು ಸಂಕೋಚವಿರಬಹುದು. ಆ ಸಂಕೋಚವನ್ನು ಬೆಳೆಸಿದವರು ಧಣಿಗಳು. ಹಾರ ಹಾಕಿ ಹೊಗಳಿದರೆ ಸಂಬಳ ಕೇಳುವುದಿಲ್ಲವೆಂದು ಅವರಿಗೆ ಗೊತ್ತು. ಸಂಘ ಕಟ್ಟುವ ಹಕ್ಕು ಸಂವಿಧಾನದ ೧೯ನೇ ವಿಧಿಯಲ್ಲಿ ಎಲ್ಲ ಪ್ರಜೆಗಳಿಗೂ ಇದೆ. ಅಲ್ಲಿ ಕುಶಲ, ಅಕುಶಲ ಎಂಬ ಪಟ್ಟಿಯಿಲ್ಲ. ಸಂಘ ಕಟ್ಟುವುದು ಹೇಗೆ, ಚಂದಾ ಎತ್ತುವುದು ಹೇಗೆ, ಬೇಡಿಕೆಯ ಪಟ್ಟಿ ಬರೆದು ಮುಂದಿಡುವುದು ಹೇಗೆ ಎಂಬುದು ನಿಮಗೆ ಗೊತ್ತು. ನಿಮ್ಮ ಮಕ್ಕಳಿಗೆ ಅವರು ಅಕ್ಷರ ಕಲಿಸಿದ್ದಾರೆ; ನೀವು ಅವರಿಗೆ ಸಂಘ ಕಲಿಸಿ.